ಮದುವೆ ಕ್ಯಾಮೆರಾ ಅಂಗಡಿಯಲ್ಲಿ ಸಾಕ್ಷ್ಯಚಿತ್ರದ ಸಾಮಾನು

ದಾವಣಗೆರೆ ಪಿ.ಜೆ. ಬಡಾವಣೆಯ ಈ ಕ್ಯಾಮೆರಾ ಬಾಡಿಗೆ ಕೊಡುವ ಅಂಗಡಿ ನಡೆಯುವುದೇ ಮದುವೆ ಆರ್ಡರ್‌ಗಳ ಮೇಲೆ. ಗಿಂಬಲ್ (ಕ್ಯಾಮೆರಾ ಅಲುಗದಂತೆ ಹಿಡಿಯುವ ಸಾಧನ), ಎಲ್‌ಇಡಿ ಲೈಟು ಧಾರಾಳ. ಸಾಕ್ಷ್ಯಚಿತ್ರಕ್ಕೆ ಬೇಕಾದ್ದನ್ನು ಕೇಳಿ ತೆಗೆಸಬೇಕು.

ಸೋನಿ ಎಫ್‌ಎಕ್ಸ್3 ಕ್ಯಾಮೆರಾ ಸಿಗುತ್ತದೆ, ಅದೇ ದೊಡ್ಡ ಲಾಭ. ಮಂಡಕ್ಕಿ ಭಟ್ಟಿಯ ಹೊಗೆಗತ್ತಲಲ್ಲಿ ಬೆಳಕು-ನೆರಳಿನ ವಿವರ ಉಳಿಸುವ ಎಸ್-ಲಾಗ್3 ಮೋಡಿನ ಎರಡನೇ ಬೇಸ್ ಐಎಸ್‌ಒ (ಸೆನ್ಸರ್ ಚೊಕ್ಕವಾಗಿ ಕೆಲಸ ಮಾಡುವ ಬೆಳಕಿನ ಸೂಕ್ಷ್ಮತೆಯ ಮಟ್ಟ) 12,800 ಕೈಹಿಡಿಯುತ್ತದೆ. ಹೆದರಿ 6,400ಕ್ಕೆ ಇಳಿಸಿದರೆ ನೆರಳಿನ ಭಾಗದಲ್ಲಿ ನಾಯ್ಸ್ (ಕಾಳುಕಾಳು ಚುಕ್ಕೆ) ಇನ್ನೂ ಹೆಚ್ಚು. ನಮ್ಮ ಕರೆಂಟು 50 ಹರ್ಟ್ಸ್, ಹಾಗಾಗಿ ಸೆಕೆಂಡಿಗೆ 25 ಫ್ರೇಮ್, ಶಟರ್ 1/50 ಸೆಕೆಂಡ್. ಹಿಂದಿನ ಗಿರಾಕಿ 1/60 ಬಿಟ್ಟುಹೋಗಿದ್ದರೆ ಟ್ಯೂಬ್‌ಲೈಟ್ ಕೆಳಗೆ ಪಟ್ಟೆ ಹರಿದಾಡುತ್ತದೆ. ಅಂಗಡಿಯವರು ಸೆಟ್ಟಿಂಗ್ ಮುಟ್ಟುವುದಿಲ್ಲ; ಕೌಂಟರ್‌ನಲ್ಲೇ ನೋಡಿಕೊಳ್ಳಿ. 4ಕೆ, 140 ಎಂಬಿಪಿಎಸ್ (ಸೆಕೆಂಡಿಗೆ 140 ಮೆಗಾಬಿಟ್) ಇಟ್ಟರೆ 128 ಜಿಬಿ ಕಾರ್ಡು ಸುಮಾರು 2 ಗಂಟೆ ಬರುತ್ತದೆ. ಎರಡು ಕಾರ್ಡು ಕೇಳಿ, ಎರಡೂ ಸ್ಲಾಟಿನಲ್ಲಿ ಏಕಕಾಲಕ್ಕೆ ರೆಕಾರ್ಡ್ ಮಾಡಿ. ಭಟ್ಟಿಯವರು ಇನ್ನೊಮ್ಮೆ ಹುರಿದು ತೋರಿಸುವುದಿಲ್ಲ.

ಸೌಂಡ್ ವಿಷಯದಲ್ಲಿ ಅಂಗಡಿ ಸೋಲುತ್ತದೆ. ಗನ್ ಮೈಕ್ (ಮುಖ್ಯವಾಗಿ ಎದುರಿನ ಸದ್ದು ಹಿಡಿಯುವ ಉದ್ದನೆ ಮೈಕ್) ಜೊತೆ ಬರೀ ಫೋಮ್ ಕೊಡುತ್ತಾರೆ. ಚಿತ್ರದುರ್ಗದ ಕೋಟೆ ಮೇಲಿನ ಗಾಳಿಗೆ ಅದು ಯಾವ ಮೂಲೆಗೂ ಸಾಲದು. ತುಪ್ಪಳದ ಕವರ್ ನಿಮ್ಮದೇ ಇರಲಿ, ಗಾಳಿಯ ತಗ್ಗು ಸದ್ದು ಕತ್ತರಿಸುವ ಲೋ-ಕಟ್ 80 ಹರ್ಟ್ಸ್ ಆನ್ ಮಾಡಿ. ಕಾಲರ್ ಮೈಕ್ ಪರವಾಗಿಲ್ಲ, ಆದರೆ ಪಾಲಿಯೆಸ್ಟರ್ ಅಂಗಿಗೆ ಉಜ್ಜಿದರೆ ಮಾತು ಕೆಟ್ಟಂತೆಯೇ. ಟೇಪ್ ಹಾಕಿ ಕಟ್ಟಿ.

ತಿರುಗಿಸಿದಂತೆ ಬೆಳಕು ತಗ್ಗಿಸುವ ವೇರಿಯಬಲ್ ಎನ್‌ಡಿ ಫಿಲ್ಟರ್ ಅಗ್ಗದ್ದು. ವೈಡ್ ಲೆನ್ಸಿಗೆ ಹಾಕಿ ಪೂರ್ತಿ ತಿರುಗಿಸಿದರೆ ಆಕಾಶದಲ್ಲಿ ಕಪ್ಪು ಕತ್ತರಿ (X) ಗುರುತು ಮೂಡುತ್ತದೆ.

ಡ್ರೋನ್ ಕೊಡಲು ಮುಂದೆ ಬರುತ್ತಾರೆ, ಅನುಮತಿಯ ಮಾತೆತ್ತುವುದಿಲ್ಲ. ಕೋಟೆ ಇರುವುದು ಭಾರತೀಯ ಪುರಾತತ್ವ ಸರ್ವೇಕ್ಷಣಾ ಇಲಾಖೆಯ ಕೈಯಲ್ಲಿ. ಕಾಗದ ಕೈಗೆ ಬಂದ ಮೇಲೆ ಅಡ್ವಾನ್ಸ್ ಕೊಡಿ.