ಡ್ರಿಲ್, ಅನುವಾದ, ಟಾಸ್ಕ್: ಇಂಗ್ಲಿಷ್ ಕಲಿಸೋಕೆ ನಾನು ಮಾಡಿ ನೋಡಿದ ದಾರಿಗಳು

ಮೊದಲೇ ಹೇಳಿಬಿಡುತ್ತೇನೆ, ನನ್ನ ಓಟು ಟಾಸ್ಕ್ ಪದ್ಧತಿಗೆ. ದುಡ್ಡು ಕೊಟ್ಟು ತಂದದ್ದು ಮಾತ್ರ ಡ್ರಿಲ್ ಕೋರ್ಸು. ಆ ದುಡ್ಡು ಬಹುಪಾಲು ದಂಡವಾಯಿತು.

ಸಂಜೆ ಹೊತ್ತು ಕೆಲಸ ಮುಗಿಸಿ ಬರುವ ಹದಿನಾಲ್ಕು ಜನಕ್ಕೆ ನಾನು ಪಾಠ ಮಾಡುತ್ತೇನೆ. ಎಲ್ಲರದೂ ಮನೆಮಾತು ಕನ್ನಡ. ಓದಲು ಬರುತ್ತದೆ, ಬಾಯಿ ಬಿಡಲು ಹೆದರುತ್ತಾರೆ.

ಡ್ರಿಲ್ ಅಂದರೆ ಆಡಿಯೊ ಹೇಳಿದ್ದನ್ನು ತರಗತಿ ಒಟ್ಟಿಗೆ ಹೇಳುವುದು. 'ಹೀ ಗೋಸ್ ಟು ವರ್ಕ್' ಅಂತ ಬರುತ್ತದೆ. ಆಮೇಲೆ 'ಶೀ' ಅನ್ನುತ್ತದೆ, ನಾವು 'ಶೀ ಗೋಸ್ ಟು ವರ್ಕ್' ಅನ್ನಬೇಕು. ಎರಡನೇ ಮಹಾಯುದ್ಧದಲ್ಲಿ ಅಮೆರಿಕದ ಸೇನೆ ಸೈನಿಕರಿಗೆ ಬೇಗ ಭಾಷೆ ಕಲಿಸಲು ಇಂಥ ಅಭ್ಯಾಸವನ್ನೇ ಮಾಡಿಸುತ್ತಿತ್ತು. ಮಾತು ಒಂದು ಅಭ್ಯಾಸ, ಹೇಳಿ ಹೇಳಿಯೇ ಕೂರುತ್ತದೆ ಅನ್ನುವುದು ಇದರ ನಂಬಿಕೆ. 1959ರಲ್ಲಿ ಭಾಷಾವಿಜ್ಞಾನಿ ನೋಮ್ ಚಾಮ್ಸ್ಕಿ ಆ ನಂಬಿಕೆಯ ಬುಡಕ್ಕೇ ಕೈ ಹಾಕಿದರು: ಹಿಂದೆಂದೂ ಕೇಳದ ವಾಕ್ಯವನ್ನೂ ಜನ ಹೇಳುತ್ತಾರಲ್ಲ, ಅದು ಬರೀ ಅಭ್ಯಾಸದಿಂದ ಹೇಗೆ ಬಂತು ಅಂತ.

ಮೊದಲ ಮೂರು ವಾರ ತರಗತಿ ಗುಡುಗುತ್ತಿತ್ತು. ನನಗೆ ಖುಷಿಯೋ ಖುಷಿ. ಒಂದು ದಿನ ಪಾಠ ಮುಗಿದ ಮೇಲೆ, ಚಪ್ಪಲಿ ಹಾಕಿಕೊಳ್ಳುತ್ತಿದ್ದ ಒಬ್ಬರನ್ನು ಸುಮ್ನೆ ಕೇಳಿದೆ, ನಿಮ್ಮ ತಮ್ಮ ಕೆಲಸಕ್ಕೆ ಹೇಗೆ ಹೋಗುತ್ತಾರೆ ಅಂತ, ಇಂಗ್ಲಿಷಿನಲ್ಲೇ. 'ಮೈ ಬ್ರದರ್ ಬಸ್ ಗೋ' ಅಂದರು. ಹತ್ತು ನಿಮಿಷದ ಹಿಂದೆ ಅದೇ ಬಾಯಿ ನಲವತ್ತು ಸಲ 'ಹೀ ಗೋಸ್' ಅಂದಿತ್ತು! ಡ್ರಿಲ್‌ನಲ್ಲಿ ಒಂದು ಪದ ತೆಗೆದು ಇನ್ನೊಂದು ಇಟ್ಟರೆ ಆಯಿತು, ಅರ್ಥದ ಕಡೆ ಮನಸ್ಸು ಹೋಗಬೇಕಾಗಿಲ್ಲ. ಸ್ವಂತ ಮಾತು ಹೇಳಬೇಕಾದಾಗ ಕನ್ನಡದ ಹಾಗೆ ಕ್ರಿಯಾಪದ ಕೊನೆಗೆ ಹೋಗಿ ಕೂತಿತು.

ವ್ಯಾಕರಣ-ಅನುವಾದ, ಅಂದರೆ ನಿಯಮ ಕಲಿತು ವಾಕ್ಯಗಳನ್ನು ಅನುವಾದ ಮಾಡುವುದು, ನಾನೇ ಕಲಿತು ಬಂದ ದಾರಿ. ಖರ್ಚಿಲ್ಲ. ಅರವತ್ತು ಜನರ ತರಗತಿಯಲ್ಲೂ ನಡೆಯುತ್ತದೆ, ಪರೀಕ್ಷೆಗೆ ಒಳ್ಳೆಯದು. ಮಾತು ಮಾತ್ರ ಬರುವುದಿಲ್ಲ.

ಕನ್ನಡವನ್ನೇ ಮುಟ್ಟಬಾರದು ಅನ್ನುವ ನೇರ ವಿಧಾನವನ್ನು ಎರಡೇ ವಾರಕ್ಕೆ ಬಿಟ್ಟೆ. 'ಹೋಪ್' ಅನ್ನುವ ಒಂದು ಪದಕ್ಕೆ ಕಾಲು ಗಂಟೆ ಕೈಸನ್ನೆ ಮಾಡಿದೆ. 'ಆಸೆ, ಭರವಸೆ' ಅಂದಿದ್ದರೆ ಒಂದು ಕ್ಷಣದ ಕೆಲಸ, ಅಲ್ವಾ?

ಇನ್ನು ಟಾಸ್ಕ್. ಇಲ್ಲಿ ವಾಕ್ಯ ಕೊಡುವುದಿಲ್ಲ, ಒಂದು ಸಮಸ್ಯೆ ಕೊಡುತ್ತೇವೆ. ರೈಲಿನ ವೇಳಾಪಟ್ಟಿ ಇದೆ, ಹನ್ನೊಂದಕ್ಕೆ ಸಂದರ್ಶನ ಇದೆ, ನಿಲ್ದಾಣದಿಂದ ಇಪ್ಪತ್ತು ನಿಮಿಷದ ನಡಿಗೆ. ಯಾವ ರೈಲು ಹಿಡಿಯಬೇಕು, ಯಾಕೆ? ಇದನ್ನು ಬಿಡಿಸುವಾಗ ಇಂಗ್ಲಿಷ್ ತಾನಾಗಿ ಬೇಕಾಗುತ್ತದೆ ಅನ್ನುವುದು ಲೆಕ್ಕ.

ನನಗೆ ತಲೆನೋವಾದದ್ದೂ ಇಲ್ಲೇ. ನಾಲ್ಕು ನಾಲ್ಕು ಜನರ ಗುಂಪು ಮಾಡಿ ಬಿಟ್ಟೆ. ತರಗತಿ ತುಂಬ ಗಲಾಟೆ, ನನಗೆ ಹಿಗ್ಗು. ಹತ್ತಿರ ಹೋಗಿ ಕಿವಿ ಕೊಟ್ಟರೆ ಎಲ್ಲಾ ಕನ್ನಡ! ಸಮಸ್ಯೆ ರುಚಿಯಾದಷ್ಟೂ ಕನ್ನಡ ಜಾಸ್ತಿ. ಕೊನೆಗೆ ಇಂಗ್ಲಿಷಿನಲ್ಲಿ ಬಂದದ್ದು 'ಟ್ರೈನ್ ಟೂ' ಅಷ್ಟೇ. ಕನ್ನಡ ಆಡಬೇಡಿ ಅಂದೆ, ಬಾಯಿ ಕಟ್ಟಿದ ಹಾಗೆ ಎಲ್ಲರೂ ಸುಮ್ಮನಾದರು. ಗುಂಪಿಗೊಬ್ಬರನ್ನು ನೆನಪಿಸಲು ಇಟ್ಟೆ, ಅವರು ಬೈಯುವುದರಲ್ಲೇ ಟಾಸ್ಕ್ ಮರೆತರು. ಒಂದೂವರೆ ತಿಂಗಳು ಹೀಗೇ ಹೋಯಿತು. ಡ್ರಿಲ್‌ಗೇ ವಾಪಸ್ ಹೋಗೋಣ ಅನ್ನಿಸಿತ್ತು.

ಈ ಗಂಟು ಬಿಡಿಸಿದ್ದು ಇಂಗ್ಲಿಷ್ ಬೋಧನೆಯ ತಜ್ಞ ಎನ್. ಎಸ್. ಪ್ರಭು ಅವರ ದಾರಿ. 1979ರಿಂದ 1984ರವರೆಗೆ ದಕ್ಷಿಣ ಭಾರತದ ಶಾಲೆಗಳಲ್ಲಿ ಅವರು ನಡೆಸಿದ ಪ್ರಯೋಗ ಇವತ್ತಿಗೂ 'ಬ್ಯಾಂಗಲೋರ್ ಪ್ರಾಜೆಕ್ಟ್' ಎಂದೇ ಜಗತ್ತಿಗೆ ಗೊತ್ತು. ಟಾಸ್ಕ್ ಅಂದರೆ ಗುಂಪು ಅಂತ ನಾನು ಅಂದುಕೊಂಡಿದ್ದೆ. ಅವರು ಗುಂಪಿಗೆ ಒತ್ತು ಕೊಟ್ಟವರೇ ಅಲ್ಲ. ಕಲಿಯುವವರು ಬರೀ ತಮ್ಮತಮ್ಮಲ್ಲೇ ಮಾತಾಡಿದರೆ ಒಬ್ಬರ ಅರೆಬರೆ ಇಂಗ್ಲಿಷ್ ಇನ್ನೊಬ್ಬರಿಗೆ ಅಂಟುತ್ತದೆ. ಹಾಗಾಗಿ ಮೇಷ್ಟ್ರು ಮೊದಲು ಒಂದು ಸಮಸ್ಯೆಯನ್ನು ಇಡೀ ತರಗತಿಯ ಜೊತೆ ಬಿಡಿಸಬೇಕು, ಆಮೇಲೆ ಅದೇ ಬಗೆಯ ಇನ್ನೊಂದನ್ನು ಪ್ರತಿಯೊಬ್ಬರೂ ಒಬ್ಬೊಬ್ಬರಾಗಿ ಮಾಡಬೇಕು. ನಾನು ಆ ಮೊದಲ ಹೆಜ್ಜೆಯನ್ನೇ ಬಿಟ್ಟಿದ್ದೆ.

ಈಗ ವೇಳಾಪಟ್ಟಿಯನ್ನು ಬೋರ್ಡ್ ಮೇಲೆ ಬರೆಯುತ್ತೇನೆ. 'ಇಫ್ ಶೀ ಟೇಕ್ಸ್ ದ ಸೆಕೆಂಡ್ ಟ್ರೈನ್, ವೆನ್ ವಿಲ್ ಶೀ ರೀಚ್?' ಅಂತ ಕೇಳುತ್ತೇನೆ. ಯಾರೋ 'ಟೆನ್ ಫಾರ್ಟಿ' ಅನ್ನುತ್ತಾರೆ. 'ಯೆಸ್, ಶೀ ವಿಲ್ ರೀಚ್ ಅಟ್ ಟೆನ್ ಫಾರ್ಟಿ' ಅಂತ ಪೂರ್ತಿ ವಾಕ್ಯ ಮಾಡಿ ವಾಪಸ್ ಕೊಡುತ್ತೇನೆ. ತಪ್ಪು ಅನ್ನುವುದಿಲ್ಲ. ಅದಾದ ಮೇಲೆ ಬೇರೆ ವೇಳಾಪಟ್ಟಿ, ಒಬ್ಬೊಬ್ಬರೇ. ಯೋಚಿಸುವಾಗ ಕನ್ನಡ ಬಂದರೆ ಬರಲಿ, ಎದ್ದು ಹೇಳುವಾಗ ಇಂಗ್ಲಿಷ್. ಬೇಕಾದ ಮಾತೆಲ್ಲ ಆಗಷ್ಟೇ ಕಿವಿಗೆ ಬಿದ್ದಿರುತ್ತದೆ, ಹಾಗಾಗಿ ಹೇಳುತ್ತಾರೆ. ಯಾವಾಗಲೂ ಹಿಂದಿನ ಸಾಲಿನಲ್ಲಿ ಕೂರುತ್ತಿದ್ದ ಒಬ್ಬರು ಮೊನ್ನೆ 'ನಾಟ್ ಫಸ್ಟ್ ಟ್ರೈನ್, ಬಿಕಾಸ್ ಶೀ ವಿಲ್ ವೇಯ್ಟ್ ಟೂ ಮಚ್' ಅಂದರು. ಯಾರೂ ಹೇಳಿಕೊಟ್ಟ ವಾಕ್ಯ ಅಲ್ಲ ಅದು. ಆ ದಿನ ಮನೆಗೆ ಹೋಗುವಾಗ ನನ್ನ ಕಾಲು ನೆಲದ ಮೇಲಿರಲಿಲ್ಲ.

ಕಷ್ಟವೂ ಇದೆ. ಒಂದು ಟಾಸ್ಕ್ ತಯಾರಿಸಲು ನನಗೆ ಒಂದು ಗಂಟೆ ಹಿಡಿಯುತ್ತದೆ. ನನಗೆ ಸಮಯವಿದೆ, ಇನ್ನೊಂದು ಕೋರ್ಸಿಗೆ ದುಡ್ಡಿಲ್ಲ, ಅದಕ್ಕೇ ಹೊಂದುತ್ತದೆ. ದಿನಕ್ಕೆ ಆರು ತರಗತಿ ತೆಗೆದುಕೊಳ್ಳುವವರಿಗೆ ಇದು ಭಾರ. 'ಗೋಸ್' ಬದಲು 'ಗೋ' ಅನ್ನುವುದೂ ಬೇಗ ಹೋಗುವುದಿಲ್ಲ. ಕೊನೆಯ ಹತ್ತು ನಿಮಿಷ ಅಂಥ ನಾಲ್ಕು ತಪ್ಪು ಬೋರ್ಡ್ ಮೇಲೆ ಬರೆದು ಕನ್ನಡದಲ್ಲೇ ವಿವರಿಸುತ್ತೇನೆ.

ಡ್ರಿಲ್ ಆಡಿಯೊವನ್ನು ಬಿಸಾಕಿಲ್ಲ. ದಿಕ್ಕಿನ 'ವೆಸ್ಟ್', ತೊಡುವ 'ವೆಸ್ಟ್' ಕನ್ನಡದಲ್ಲಿ ಬರೆದರೆ ಒಂದೇ, ನಮ್ಮ ಬಾಯಲ್ಲೂ ಒಂದೇ. ಇಂಗ್ಲಿಷಿನಲ್ಲಿ ಮೊದಲನೆಯದಕ್ಕೆ ತುಟಿ ದುಂಡಗಾಗಬೇಕು, ಎರಡನೆಯದಕ್ಕೆ ಮೇಲಿನ ಹಲ್ಲು ಕೆಳತುಟಿಗೆ ತಾಗಬೇಕು. ಅದಕ್ಕೆ ಮಾತ್ರ ದಿನಾ ಐದು ನಿಮಿಷ ಹಾಕುತ್ತೇನೆ.