ನಡೆಯುತ್ತಿರುವ ಆಟ ಮುಚ್ಚುವುದು: ಎಕ್ಸ್‌ಬಾಕ್ಸ್ ಸೀರೀಸ್, ಪಿಎಸ್5, ಸ್ವಿಚ್ – ಯಾವುದು ಮೇಲು?

ಕನ್ಸೋಲ್ (ಟಿವಿಗೆ ಜೋಡಿಸಿ ಆಡುವ ಗೇಮ್ ಯಂತ್ರ) ವಿಮರ್ಶೆ ಎಂದರೆ ಗ್ರಾಫಿಕ್ಸ್, ಫ್ರೇಮ್ ರೇಟ್, ಸ್ಟೋರೇಜ್ ಇಷ್ಟರಲ್ಲೇ ಮುಗಿದುಹೋಗುತ್ತದೆ. ಕೊಂಡು ಮನೆಗೆ ತಂದ ಮೇಲೆ ದಿನಾ ಎದುರಾಗುವ ಪ್ರಶ್ನೆಗಳೇ ಬೇರೆ. ಆಟವನ್ನು ಅರ್ಧಕ್ಕೆ ಬಿಟ್ಟು ಎದ್ದರೆ ಅದು ಎಲ್ಲಿ ಉಳಿಯುತ್ತದೆ? ಕರೆಂಟ್ ಹೋದರೆ ಏನಾಗುತ್ತದೆ? ಮುಚ್ಚಲೇಬೇಕು ಅಂದರೆ ಆ ಆಯ್ಕೆ ಎಲ್ಲಿ ಅಡಗಿದೆ? ಇದೊಂದೇ ವಿಷಯ ಹಿಡಿದು ಮೂರು ಯಂತ್ರಗಳನ್ನು ಅಳೆದರೆ ಮೈಕ್ರೋಸಾಫ್ಟ್‌ನ ಎಕ್ಸ್‌ಬಾಕ್ಸ್ ಸೀರೀಸ್ ಎಕ್ಸ್ ಮತ್ತು ಎಸ್ ತಂತ್ರಜ್ಞಾನದಲ್ಲಿ ಸ್ಪಷ್ಟವಾಗಿ ಮುಂದಿವೆ. ಆದರೆ ಒಳಗೇನು ನಡೆಯುತ್ತಿದೆ ಎಂದು ಅವು ಬಾಯಿಬಿಟ್ಟು ಹೇಳುವುದಿಲ್ಲ. ಸೋನಿಯ ಪಿಎಸ್5ರದು (ಪ್ಲೇಸ್ಟೇಷನ್ 5) ಒಂದು ಸಲಕ್ಕೆ ಒಂದೇ ಆಟ ಎಂಬ ನೇರ ಲೆಕ್ಕಾಚಾರ, ಕರೆಂಟ್ ಕೈಕೊಟ್ಟರೆ ಮಾತ್ರ ಪೂರ್ತಿ ನಷ್ಟ. ಮೆನು ಅಚ್ಚುಕಟ್ಟಾಗಿರುವುದು ನಿಂಟೆಂಡೋ ಸ್ವಿಚ್‌ನಲ್ಲಿ.

ಮೊದಲಿಗೆ ಒಂದು ತಪ್ಪು ನಂಬಿಕೆ. ಮೊಬೈಲಿನಲ್ಲಿ ಆ್ಯಪ್‌ಗಳನ್ನು ಒಂದೊಂದಾಗಿ ಮೇಲಕ್ಕೆ ತಳ್ಳಿ ಮುಚ್ಚುವ ಅಭ್ಯಾಸ ಇರುವವರು ಕನ್ಸೋಲಿನಲ್ಲೂ ಪ್ರತಿ ಸಲ ಆಟ ಮುಚ್ಚುತ್ತಾರೆ. ವೇಗದ ದೃಷ್ಟಿಯಿಂದ ಇದರ ಅಗತ್ಯವೇ ಇಲ್ಲ. ಕನ್ಸೋಲಿನಲ್ಲಿ ಆಟಕ್ಕೆಂದು ಇಂತಿಷ್ಟು ಮೆಮೊರಿ ಮೊದಲೇ ಮೀಸಲಿರುತ್ತದೆ. ಬೇರೆ ದೊಡ್ಡ ಆಟ ತೆರೆದರೆ ಹಳೆಯದು ತಾನೇ ಜಾಗ ಬಿಡುತ್ತದೆ. ಹಿನ್ನೆಲೆಯಲ್ಲಿ ನಾಲ್ಕೈದು ಆಟ ಓಡುತ್ತಾ ಯಂತ್ರವನ್ನು ನಿಧಾನ ಮಾಡುತ್ತಿವೆ ಎಂಬ ಸಂದರ್ಭ ಇಲ್ಲಿ ಬರುವುದೇ ಇಲ್ಲ. ಮುಚ್ಚಲು ಬೇರೆ ಕಾರಣಗಳಿವೆ, ಮುಂದೆ ಬರುತ್ತವೆ.

ಎಕ್ಸ್‌ಬಾಕ್ಸ್: ಕ್ವಿಕ್ ರೆಸ್ಯೂಮ್ ಎಂಬ ವರ, ಅದರ ಕಿರಿಕಿರಿ

2020ರ ನವೆಂಬರ್‌ನಲ್ಲಿ ಬಂದ ಸೀರೀಸ್ ಎಕ್ಸ್ ಮತ್ತು ಎಸ್‌ನ ನಿಜವಾದ ಹೊಸತನ ಎಂದರೆ ಕ್ವಿಕ್ ರೆಸ್ಯೂಮ್. ಆಟದಿಂದ ಆಟಕ್ಕೆ ಹಾರಿದಾಗ ಮೊದಲ ಆಟದ ಮೆಮೊರಿಯನ್ನು ಇದ್ದ ಹಾಗೇ ಎಸ್‌ಎಸ್‌ಡಿಯ (ಒಳಗಿನ ವೇಗದ ಸ್ಟೋರೇಜ್) ಮೀಸಲು ಜಾಗಕ್ಕೆ ಬರೆದಿಡುತ್ತದೆ. ಮತ್ತೆ ತೆರೆದರೆ ಲೋಗೋ ಇಲ್ಲ, ಮುಖ್ಯ ಮೆನು ಇಲ್ಲ, ರೇಸಿಂಗ್ ಆಟವಾದರೆ ಬಿಟ್ಟ ತಿರುವಿನಲ್ಲೇ ಕಾರು ನಿಂತಿರುತ್ತದೆ. ಹೀಗೆ ಎಷ್ಟು ಆಟ ಉಳಿಯುತ್ತವೆ ಎಂಬುದು ಆಟದ ಗಾತ್ರದ ಮೇಲೆ ಹೋಗುತ್ತದೆ. ಹಳೆಯ ಎಕ್ಸ್‌ಬಾಕ್ಸ್ 360 ಕಾಲದ ಆಟಗಳು ಕಡಿಮೆ ಮೆಮೊರಿ ಬಳಸುವುದರಿಂದ ಹೆಚ್ಚು ಸಂಖ್ಯೆಯಲ್ಲಿ ಹಿಡಿಯುತ್ತವೆ. ಎಲ್ಲ ಆಟಗಳೂ ಇದಕ್ಕೆ ಒಗ್ಗುವುದಿಲ್ಲ, ಅದರಲ್ಲೂ ಪೂರ್ತಿ ಆನ್‌ಲೈನ್ ಆಟಗಳು.

ಎಸ್‌ಎಸ್‌ಡಿಗೆ ಬರೆದಿಡುವುದರಿಂದ ಈ ಉಳಿಕೆ ಕರೆಂಟನ್ನು ನೆಚ್ಚಿಕೊಂಡಿಲ್ಲ. ರೀಸ್ಟಾರ್ಟ್ ಮಾಡಿ, ಪ್ಲಗ್ ಕಿತ್ತು ಬೇರೆ ಕೋಣೆಗೆ ಒಯ್ಯಿರಿ, ಕ್ವಿಕ್ ರೆಸ್ಯೂಮ್‌ಗೆ ಸೇರಿದ ಆಟ ಹಾಗೇ ಇರುತ್ತದೆ. ಲೋಡ್ ಶೆಡ್ಡಿಂಗ್ ಕಾಣುವ ಊರುಗಳಲ್ಲಿ ಇದೊಂದೇ ಕಾರಣಕ್ಕೆ ಎಕ್ಸ್‌ಬಾಕ್ಸ್‌ಗೆ ಹೆಚ್ಚು ಅಂಕ ಕೊಡಬಹುದು. ಆದರೆ ಒಂದು ಎಚ್ಚರಿಕೆ: ಆಡುತ್ತಿರುವಾಗಲೇ ಕರೆಂಟ್ ಹೋದರೆ ಆ ಕ್ಷಣ ಪರದೆಯ ಮೇಲಿದ್ದ ಆಟ ಉಳಿಯುವುದಿಲ್ಲ, ಅದನ್ನು ಬರೆದಿಡಲು ಯಂತ್ರಕ್ಕೆ ಸಮಯವೇ ಸಿಕ್ಕಿರುವುದಿಲ್ಲ. ಅಲ್ಲಿ ನಿಮ್ಮ ಕೊನೆಯ ಸೇವ್ ಮಾತ್ರ ಗತಿ.

ಮುಚ್ಚುವ ಕ್ರಮ ಹೀಗೆ. ಕಂಟ್ರೋಲರ್ ನಡುವಿನ ಎಕ್ಸ್‌ಬಾಕ್ಸ್ ಗುಂಡಿ ಒತ್ತಿದರೆ ಎಡಗಡೆ ಗೈಡ್ ತೆರೆದುಕೊಳ್ಳುತ್ತದೆ. ನಡೆಯುತ್ತಿರುವ ಆಟದ ಹೆಸರಿನ ಮೇಲೆ ನಿಂತು ಮೂರು ಗೆರೆಯ ಮೆನು ಗುಂಡಿ ಒತ್ತಿ, ‘ಕ್ವಿಟ್’ ಆರಿಸಿ. ಅಷ್ಟೇ. ‘ಸೇವ್ ಮಾಡಿದ್ದೀರಾ’ ಎಂದು ಅದು ಕೇಳುವುದಿಲ್ಲ, ಆಟ ತಕ್ಷಣ ಹೋಗುತ್ತದೆ. ಕ್ವಿಟ್ ಮಾಡಿದರೆ ಕ್ವಿಕ್ ರೆಸ್ಯೂಮ್ ಉಳಿಕೆಯೂ ಅಳಿಯುತ್ತದೆ, ಮುಂದಿನ ಸಲ ಆಟ ಮೊದಲಿನಿಂದ ಶುರು.

ಇಲ್ಲೇ ಕಿರಿಕಿರಿ ಶುರುವಾಗುವುದು. ಯಾವ ಆಟ ಉಳಿದಿದೆ, ಯಾವುದು ಬಿದ್ದುಹೋಗಿದೆ ಎಂಬುದು ಮುಖಪುಟ ನೋಡಿದರೆ ತಿಳಿಯುವುದಿಲ್ಲ. ಜಾಗ ಸಾಲದಾದಾಗ ಹಳೆಯದನ್ನು ಸದ್ದಿಲ್ಲದೆ ತೆಗೆದುಹಾಕುತ್ತದೆ. ಆಟಕ್ಕೆ ಅಪ್‌ಡೇಟ್ ಬಂದರೂ ಉಳಿಕೆ ಹೋಗುತ್ತದೆ. ಇಂದು ನೇರ ಕಾರಿಗೇ ಇಳಿಸಿದ ಆಟ ನಾಳೆ ಲೋಗೋದಿಂದ ಶುರುವಾದರೆ ಯಾಕೆ ಎಂದು ಬಳಸುವವನಿಗೆ ಗೊತ್ತಾಗುವುದು ಹೇಗೆ? ಮೈಕ್ರೋಸಾಫ್ಟ್ ನಂತರದ ಅಪ್‌ಡೇಟ್‌ಗಳಲ್ಲಿ ತಕ್ಕಮಟ್ಟಿಗೆ ಸರಿಪಡಿಸಿದೆ. ‘ಮೈ ಗೇಮ್ಸ್ ಆ್ಯಂಡ್ ಆ್ಯಪ್ಸ್’ ಒಳಗೆ ಕ್ವಿಕ್ ರೆಸ್ಯೂಮ್ ಗುಂಪು ಸಿಗುತ್ತದೆ, ಅದನ್ನು ಮುಖಪುಟಕ್ಕೆ ಸೇರಿಸಿಕೊಳ್ಳಬಹುದು. 2022ರಿಂದ ಎರಡು ಆಟಗಳನ್ನು ಪಿನ್ ಮಾಡಿ ಕಾಯ್ದಿಡುವ ಸೌಲಭ್ಯವೂ ಇದೆ. ಕೊಂಡ ದಿನವೇ ಈ ಎರಡೂ ಕೆಲಸ ಮುಗಿಸಿಬಿಡಿ. ಇವು ಮೊದಲ ದಿನದಿಂದ ತಾನಾಗಿಯೇ ಇರಬೇಕಿತ್ತು ಎಂಬುದು ಬೇರೆ ಮಾತು.

ಎರಡನೆಯ ತೊಂದರೆ ಆನ್‌ಲೈನ್ ಸಂಪರ್ಕದ್ದು. ಆಟ ಮಲಗಿದ್ದಾಗ ಸರ್ವರ್ ಸಂಪರ್ಕ ಕಡಿದಿರುತ್ತದೆ, ಎದ್ದಾಗ ಆಟಕ್ಕೆ ಅದು ಗೊತ್ತಿರುವುದಿಲ್ಲ. ಲಾಬಿ (ಆಟಗಾರರು ಒಟ್ಟು ಸೇರುವ ಕೋಣೆ) ಖಾಲಿ, ಸ್ನೇಹಿತರ ಪಟ್ಟಿ ಖಾಲಿ, ಕೆಲವೊಮ್ಮೆ ‘ಲಾಗಿನ್ ವಿಫಲ’ ಎಂಬ ಸಂದೇಶ. ಜನ ಇಲ್ಲಿ ರೂಟರ್ ಆಫ್ ಮಾಡಿ ಆನ್ ಮಾಡುತ್ತಾ ಕೂರುತ್ತಾರೆ. ಬೇಕಾಗಿರುವುದು ಇಷ್ಟೇ: ಕ್ವಿಟ್ ಮಾಡಿ ಮತ್ತೆ ತೆರೆಯಿರಿ. ಡಿಸ್ಕ್ ಮೇಲಿನ ಆಟವಾದರೆ ಸೀರೀಸ್ ಎಕ್ಸ್‌ನಲ್ಲಿ ಮುಂದುವರಿಸುವಾಗಲೂ ಅದೇ ಡಿಸ್ಕ್ ಒಳಗಿರಬೇಕು.

ಇನ್ನು ಕರೆಂಟ್ ಬಿಲ್. ಸೆಟ್ಟಿಂಗ್ಸ್, ಜನರಲ್, ಪವರ್ ಆಪ್ಷನ್ಸ್ ಒಳಗೆ ಸ್ಲೀಪ್ ಮತ್ತು ಶಟ್‌ಡೌನ್ ಎಂಬ ಎರಡು ದಾರಿಗಳಿವೆ. ಮೈಕ್ರೋಸಾಫ್ಟ್ ಕೊಡುವ ಲೆಕ್ಕದಲ್ಲಿ ಸ್ಲೀಪ್ 10ರಿಂದ 15 ವ್ಯಾಟ್ ಎಳೆಯುತ್ತದೆ, ಶಟ್‌ಡೌನ್ ಅರ್ಧ ವ್ಯಾಟ್. ದಿನವಿಡೀ ಸ್ಲೀಪ್‌ನಲ್ಲೇ ಬಿಟ್ಟರೆ ತಿಂಗಳಿಗೆ 7ರಿಂದ 11 ಯೂನಿಟ್, ಶಟ್‌ಡೌನ್ ಆದರೆ ಅರ್ಧ ಯೂನಿಟ್ಟೂ ಇಲ್ಲ. ಗೃಹಜ್ಯೋತಿಯ ಮಿತಿಗೆ ಅಂಟಿಕೊಂಡೇ ಓಡುವ ಮನೆಗಳಲ್ಲಿ ಈ ಹತ್ತು ಯೂನಿಟ್ ಸಣ್ಣದಲ್ಲ. ಕ್ವಿಕ್ ರೆಸ್ಯೂಮ್ ಶಟ್‌ಡೌನ್‌ನಲ್ಲೂ ಕೆಲಸ ಮಾಡುತ್ತದೆ, ಹಾಗಾಗಿ ಸ್ಲೀಪ್ ಇಟ್ಟುಕೊಳ್ಳಲು ಬಲವಾದ ಕಾರಣ ಕಾಣುವುದಿಲ್ಲ. ಎಲ್ಲೋ ಕುಳಿತು ಮೊಬೈಲಿನಿಂದ ಕನ್ಸೋಲ್ ಎಬ್ಬಿಸಬೇಕು ಎನ್ನುವವರಿಗೆ ಮಾತ್ರ ಅದು ಬೇಕು.

ಪಿಎಸ್5: ಒಂದೇ ಆಟ, ಮೆಮೊರಿಯಲ್ಲೇ ವಾಸ

ಭಾರತಕ್ಕೆ 2021ರ ಫೆಬ್ರವರಿಯಲ್ಲಿ ಬಂದ ಪಿಎಸ್5ರಲ್ಲಿ ಒಂದು ಆಟ ತೆರೆದಿದ್ದಾಗ ಇನ್ನೊಂದನ್ನು ಶುರುಮಾಡಿದರೆ ಮೊದಲನೆಯದು ಮುಚ್ಚಿಹೋಗುತ್ತದೆ. ಎಸ್‌ಎಸ್‌ಡಿಯ ವೇಗದಿಂದ ಆಟ ಮೊದಲಿನಿಂದ ತೆರೆಯುವುದಕ್ಕೂ ಹೆಚ್ಚು ಹೊತ್ತು ಹಿಡಿಯುವುದಿಲ್ಲವಾದ್ದರಿಂದ ಈ ಕೊರತೆ ಕಾಗದದ ಮೇಲೆ ಕಾಣುವಷ್ಟು ಕಾಡುವುದಿಲ್ಲ.

ಮುಚ್ಚಲು ಪಿಎಸ್ ಗುಂಡಿಯನ್ನು ಒತ್ತಿ ಹಿಡಿದು ಹೋಮ್ ಪರದೆಗೆ ಬನ್ನಿ, ಆಟದ ಚಿತ್ರದ ಮೇಲೆ ನಿಂತು ಆಪ್ಷನ್ಸ್ ಗುಂಡಿ ಒತ್ತಿ, ‘ಕ್ಲೋಸ್ ಗೇಮ್’ ಆರಿಸಿ. ಪಿಎಸ್4ರಿಂದ ಬಂದವರಿಗೆ ಗೊಂದಲವಾಗುವುದು ಇಲ್ಲೇ. ಅಲ್ಲಿ ಒಮ್ಮೆ ಒತ್ತಿದರೆ ಹೋಮ್, ಹಿಡಿದರೆ ಕ್ವಿಕ್ ಮೆನು. ಇಲ್ಲಿ ಒಮ್ಮೆ ಒತ್ತಿದರೆ ಕೆಳಗೆ ಕಂಟ್ರೋಲ್ ಸೆಂಟರ್, ಹಿಡಿದರೆ ಹೋಮ್. ಕಂಟ್ರೋಲ್ ಸೆಂಟರ್ ತೆರೆದ ಮಾತ್ರಕ್ಕೆ ಆಟ ನಿಂತಿತು ಅಂದುಕೊಳ್ಳಬೇಡಿ. ಕೆಲವು ಆಟಗಳು ಹಿಂದೆ ಓಡುತ್ತಲೇ ಇರುತ್ತವೆ. ಆಟದ ಒಳಗಿನ ಪಾಝ್ (ವಿರಾಮ) ಒತ್ತಿಯೇ ಹೊರಬನ್ನಿ. ಹೋಮ್ ಪರದೆಗೆ ಬಂದು ಹಾಡು ಹಾಕಿಕೊಂಡು ಕೂತಿದ್ದರೂ ಫ್ಯಾನ್ ಸದ್ದು ಇಳಿಯದಿದ್ದರೆ ಕಾರಣ ಇದೇ ಇರಬಹುದು, ಆಗ ಮುಚ್ಚಿಬಿಡುವುದು ವಾಸಿ.

ರೆಸ್ಟ್ ಮೋಡ್‌ಗೆ ಹಾಕಿದರೆ, ಅಂದರೆ ಕಿತ್ತಳೆ ದೀಪ ಉರಿಯುವಾಗ, ಆಟ ಮೆಮೊರಿಯಲ್ಲೇ ಮಲಗಿರುತ್ತದೆ. ಎಬ್ಬಿಸಿದರೆ ಬಿಟ್ಟಲ್ಲಿಂದಲೇ ಶುರು, ಬಹಳ ಹಿತ. ಆದರೆ ಆ ಮೆಮೊರಿಗೆ ಕರೆಂಟ್ ಬೇಕೇಬೇಕು. ಒಂದು ಕ್ಷಣ ಹೋದರೂ ಆಟ ಮಾಯ. ಮತ್ತೆ ಆನ್ ಮಾಡಿದಾಗ ‘ಸರಿಯಾಗಿ ಆಫ್ ಮಾಡಿಲ್ಲ’ ಎಂಬ ದೂರಿನೊಂದಿಗೆ ಸ್ಟೋರೇಜ್ ತಪಾಸಣೆ. ಹಳೆಯ ಮಾದರಿಯ ಇನ್ವರ್ಟರ್ ಇರುವ ಮನೆಗಳಲ್ಲಿ ಇದು ಜಾಸ್ತಿ: ಬಲ್ಬಿಗೆ ಗೊತ್ತಾಗದಷ್ಟು ಸಣ್ಣ ವಿರಾಮ ಕನ್ಸೋಲಿಗೆ ಗೊತ್ತಾಗುತ್ತದೆ. ಇನ್ವರ್ಟರ್‌ನಲ್ಲಿ ಯುಪಿಎಸ್ ಮೋಡ್ ಇದ್ದರೆ ಅದಕ್ಕೆ ಹಾಕಿ, ವರ್ಗಾವಣೆ ಬೇಗ ಆಗುತ್ತದೆ. ಆಡುವಾಗ ಪಿಎಸ್5 ಸುಮಾರು 200 ವ್ಯಾಟ್ ಎಳೆಯಬಲ್ಲದು, ಜೊತೆಗೆ ಟಿವಿ. ಇಷ್ಟನ್ನು ಹೊರುವ ಯುಪಿಎಸ್ ಆದರೂ ಐದಾರು ನಿಮಿಷ ಸಿಕ್ಕರೆ ಸಾಕು, ಸೇವ್ ಮಾಡಿ ಆಫ್ ಮಾಡಬಹುದು. ಅದೂ ಇಲ್ಲವಾದರೆ ರಾತ್ರಿ ರೆಸ್ಟ್ ಮೋಡ್ ಬೇಡ. ಆಟದೊಳಗೆ ಸೇವ್ ಮಾಡಿ, ಮುಚ್ಚಿ, ಕಂಟ್ರೋಲ್ ಸೆಂಟರ್‌ನ ಪವರ್ ಚಿಹ್ನೆಯಿಂದ ‘ಟರ್ನ್ ಆಫ್ ಪಿಎಸ್5’ ಕೊಡಿ, ದೀಪ ಪೂರ್ತಿ ಆರಿದ ಮೇಲೆ ಗೋಡೆಯ ಸ್ವಿಚ್ ಆಫ್ ಮಾಡಿ. ಕಿತ್ತಳೆ ದೀಪ ಇರುವಾಗ ಗೋಡೆ ಸ್ವಿಚ್ ಆಫ್ ಮಾಡುವುದು ಮನೆ ಹಿರಿಯರ ಕೈಯಲ್ಲಿ ಪದೇಪದೇ ಆಗುವ ಅನಾಹುತ. ಅವರಿಗೆ ಆ ದೀಪದ ಅರ್ಥ ಹೇಳಿಕೊಡುವುದೇ ಮದ್ದು.

ಪಿಎಸ್4 ಇನ್ನೂ ಬಳಸುತ್ತಿರುವವರು ಒಂದು ಸೆಟ್ಟಿಂಗ್ ನೋಡಿಕೊಳ್ಳಿ. ಪವರ್ ಸೇವ್ ಸೆಟ್ಟಿಂಗ್ಸ್ ಒಳಗೆ ರೆಸ್ಟ್ ಮೋಡ್ ಸೌಲಭ್ಯಗಳಲ್ಲಿ ‘ಕೀಪ್ ಅಪ್ಲಿಕೇಶನ್ ಸಸ್ಪೆಂಡೆಡ್’ ಎಂಬುದಕ್ಕೆ ಟಿಕ್ ಇಲ್ಲದಿದ್ದರೆ ರೆಸ್ಟ್‌ಗೆ ಹೋಗುವಾಗ ಆಟ ಮುಚ್ಚಿಹೋಗುತ್ತದೆ.

ಸ್ವಿಚ್: ಕಲಿಸಬೇಕಾಗಿಲ್ಲ

ನಮ್ಮಲ್ಲಿ ಹೆಚ್ಚಾಗಿ ಆಮದು ಅಂಗಡಿಗಳಿಂದಲೇ ಬರುವ ಸ್ವಿಚ್ ಈ ವಿಷಯದಲ್ಲಿ ಎಲ್ಲರಿಗಿಂತ ಸರಳ. ಹೋಮ್ ಗುಂಡಿ ಒತ್ತಿದ ತಕ್ಷಣ ಆಟ ನಿಲ್ಲುತ್ತದೆ. ಮುಚ್ಚಲು ಎಕ್ಸ್ ಗುಂಡಿ, ‘ಕ್ಲೋಸ್’ ಎಂದು ಪರದೆಯ ಕೆಳಗೇ ಬರೆದಿರುತ್ತದೆ. ಸೇವ್ ಆಗದಿದ್ದದ್ದು ಹೋಗುತ್ತದೆ ಎಂದು ಎಚ್ಚರಿಸಿ ಇನ್ನೊಮ್ಮೆ ಕೇಳಿಯೇ ಮುಚ್ಚುತ್ತದೆ. ಮಕ್ಕಳಿರುವ ಮನೆಗೆ ಈ ಒಂದು ಪ್ರಶ್ನೆಯೇ ದೊಡ್ಡ ರಕ್ಷಣೆ. ಡಾಕ್‌ನಲ್ಲಿ (ಟಿವಿಗೆ ಜೋಡಿಸುವ ಸ್ಟ್ಯಾಂಡ್) ಇಟ್ಟು ಟಿವಿಯಲ್ಲಿ ಆಡುವಾಗ ಕರೆಂಟ್ ಹೋದರೆ ಟಿವಿ ಕಪ್ಪಾಗುತ್ತದೆ, ಆಟ ಮಾತ್ರ ಒಳಗಿನ ಬ್ಯಾಟರಿ ಮೇಲೆ ಬದುಕಿರುತ್ತದೆ. ಡಾಕ್‌ನಿಂದ ಎತ್ತಿಕೊಂಡು ಮುಂದುವರಿಸಿ. ಬ್ಯಾಟರಿ ಪೂರ್ತಿ ಖಾಲಿಯಾಗುವವರೆಗೆ ಬಿಟ್ಟರೆ ಮಾತ್ರ ನಷ್ಟ. ಆಟ ನಡೆಯುವಾಗ ಗೇಮ್ ಕಾರ್ಡ್ ಎಳೆಯಬೇಡಿ. 2025ರ ಜೂನ್‌ನಲ್ಲಿ ಬಂದ ಸ್ವಿಚ್ 2ರಲ್ಲೂ ಇದೇ ಕ್ರಮ.

ಯಾವಾಗ ಮುಚ್ಚಲೇಬೇಕು

ಅಪ್‌ಡೇಟ್ ಇಳಿದು ಇನ್‌ಸ್ಟಾಲ್ ಆಗದೆ ನಿಂತಿದ್ದರೆ, ಆಟ ತೆರೆದೇ ಇರುವುದರಿಂದ ಹಾಗಾಗಿರುತ್ತದೆ. ಹೊಸದಾಗಿ ಕೊಂಡ ಡಿಎಲ್‌ಸಿ (ಆಟಕ್ಕೆ ಸೇರಿಸುವ ಹೆಚ್ಚುವರಿ ಭಾಗ) ಒಳಗೆ ಕಾಣದಿದ್ದರೂ ಮುಚ್ಚಿ ತೆರೆಯಿರಿ. ಕನ್ಸೋಲಿನ ಸೆಟ್ಟಿಂಗ್ಸ್‌ನಲ್ಲಿ 120 ಹರ್ಟ್ಸ್ (ಪರದೆ ಬದಲಾಗುವ ವೇಗ) ಅಥವಾ ಎಚ್‌ಡಿಆರ್ (ಬೆಳಕು-ಬಣ್ಣದ ವಿಸ್ತಾರ) ಬದಲಿಸಿದಾಗಲೂ ಅನೇಕ ಆಟಗಳು ಮತ್ತೆ ತೆರೆದಾಗ ಮಾತ್ರ ಅದನ್ನು ಗಮನಿಸುತ್ತವೆ. ದೊಡ್ಡ ಓಪನ್ ವರ್ಲ್ಡ್ (ಎಲ್ಲೆಂದರಲ್ಲಿ ಅಡ್ಡಾಡಬಹುದಾದ) ಆಟವನ್ನು ವಾರಗಟ್ಟಲೆ ಮುಚ್ಚದೆ ಮಲಗಿಸಿ ಎಬ್ಬಿಸುತ್ತಾ ಹೋದರೆ ಕೆಲವೊಮ್ಮೆ ತಡವರಿಸತೊಡಗುತ್ತದೆ. ಆಟವೇ ಮೆಮೊರಿಯನ್ನು ಸರಿಯಾಗಿ ಬಿಟ್ಟುಕೊಡುತ್ತಿಲ್ಲ ಎಂದು ಅರ್ಥ, ಕನ್ಸೋಲಿನ ದೋಷವಲ್ಲ. ಒಮ್ಮೆ ಮುಚ್ಚಿದರೆ ಸರಿಹೋಗುತ್ತದೆ.

ಎಲ್ಲಕ್ಕಿಂತ ದುಬಾರಿ ಬೀಳುವುದು ಸೇವ್‌ಗಳ ತಿಕ್ಕಾಟ. ಒಂದೇ ಖಾತೆಯಲ್ಲಿ ಎರಡು ಕಡೆ ಆಡುವವರು, ಉದಾಹರಣೆಗೆ ಮನೆಯ ಎಕ್ಸ್‌ಬಾಕ್ಸ್ ಮತ್ತು ಹಾಸ್ಟೆಲಿನ ಪಿಸಿ, ಮೊದಲನೆಯದರಲ್ಲಿ ಆಟ ಮುಚ್ಚಿ ಕ್ಲೌಡ್‌ಗೆ ಸೇವ್ ಏರುವವರೆಗೆ ಕಾಯಬೇಕು. ಮಲಗಿಸಿಟ್ಟ ಹಳೆಯ ಸ್ಥಿತಿಯನ್ನು ಆಮೇಲೆ ಎಬ್ಬಿಸಿ ಸೇವ್ ಮಾಡಿದರೆ ಹೊಸ ಪ್ರಗತಿಯ ಮೇಲೆ ಹಳೆಯದು ಕೂರುವ ಅಪಾಯವಿದೆ. ಒಂದೇ ಮನೆಯೊಳಗೂ ಇದು ನಡೆಯುತ್ತದೆ: ಅಣ್ಣನ ಪ್ರೊಫೈಲ್‌ನಲ್ಲಿ ತೆರೆದಿಟ್ಟ ಆಟವನ್ನು ತಮ್ಮ ಅದೇ ಕಂಟ್ರೋಲರ್ ಹಿಡಿದು ಮುಂದುವರಿಸಿದರೆ ಆಟೋಸೇವ್ ಅಣ್ಣನ ಕಡತಕ್ಕೇ ಬೀಳುತ್ತದೆ. ಪ್ರೊಫೈಲ್ ಬದಲಿಸುವ ಮುನ್ನ ಆಟ ಮುಚ್ಚುವುದನ್ನು ಮನೆಯ ನಿಯಮ ಮಾಡಿ.

ಮೂಲೆಯಲ್ಲಿ ಸೇವ್ ಚಿಹ್ನೆ ತಿರುಗುತ್ತಿರುವಾಗ ಮುಚ್ಚಬೇಡಿ. ಕ್ವಿಟ್ ಆಗಲಿ, ಕ್ಲೋಸ್ ಆಗಲಿ, ‘ಸೇವ್ ಮಾಡಿಕೋ’ ಎಂದು ಆಟಕ್ಕೆ ಹೇಳುವುದಿಲ್ಲ. ಆಟದ ಮೆನುವಿನಲ್ಲಿ ‘ಎಕ್ಸಿಟ್ ಟು ಮೇನ್ ಮೆನು’ ಇದ್ದರೆ ಮೊದಲು ಅದು, ಆಮೇಲೆ ಕನ್ಸೋಲಿನ ಗುಂಡಿ.

ಆಟ ಕಲ್ಲಾಗಿ ನಿಂತಾಗ

ಎಕ್ಸ್‌ಬಾಕ್ಸ್‌ನಲ್ಲಿ ಆಟಕ್ಕೂ ಮೆನುಗಳಿಗೂ ಹೈಪರ್‌ವೈಸರ್ (ಒಂದೇ ಯಂತ್ರವನ್ನು ಬೇರೆಬೇರೆ ಭಾಗಗಳಾಗಿ ಹಂಚುವ ತಂತ್ರಾಂಶ) ಅಡಿಯಲ್ಲಿ ಬೇರೆಬೇರೆ ಕೋಣೆಗಳಿವೆ, ಆದ್ದರಿಂದ ಆಟ ಸತ್ತರೂ ಗೈಡ್ ಬಹುತೇಕ ತೆರೆಯುತ್ತದೆ, ಅಲ್ಲಿಂದಲೇ ಕ್ವಿಟ್ ಮಾಡಿ. ಅದೂ ಬಾರದಿದ್ದರೆ ಕನ್ಸೋಲ್ ಮುಂಭಾಗದ ಗುಂಡಿಯನ್ನು 10 ಸೆಕೆಂಡ್ ಒತ್ತಿ ಹಿಡಿಯಿರಿ. ಪಿಎಸ್5ರಲ್ಲಿ ಯಂತ್ರದ ಪವರ್ ಗುಂಡಿಯನ್ನು ಎರಡನೇ ಬೀಪ್ ಕೇಳುವವರೆಗೆ ಹಿಡಿದರೆ ಆಫ್ ಆಗುತ್ತದೆ. ಸ್ವಿಚ್‌ನಲ್ಲಿ ಪವರ್ ಗುಂಡಿ 3 ಸೆಕೆಂಡ್ ಹಿಡಿದರೆ ಆಯ್ಕೆಗಳು ಬರುತ್ತವೆ, ಪರದೆ ಪೂರ್ತಿ ಸ್ತಬ್ಧವಾಗಿದ್ದರೆ 12 ಸೆಕೆಂಡ್ ಹಿಡಿಯಬೇಕು.

ಪಿಎಸ್5 ಪದೇಪದೇ ಹೀಗೆ ನಿಲ್ಲುತ್ತಿದ್ದರೆ ಪೂರ್ತಿ ಆಫ್ ಮಾಡಿ, ಪವರ್ ಗುಂಡಿಯನ್ನು ಸುಮಾರು 7 ಸೆಕೆಂಡ್, ಎರಡನೇ ಬೀಪ್‌ವರೆಗೆ ಹಿಡಿದು ಸೇಫ್ ಮೋಡ್‌ಗೆ ಹೋಗಿ. ಕಂಟ್ರೋಲರ್ ಅನ್ನು ಯುಎಸ್‌ಬಿ ಕೇಬಲ್‌ನಿಂದ ಜೋಡಿಸಿ ಪಿಎಸ್ ಗುಂಡಿ ಒತ್ತಿ. ಐದನೇ ಆಯ್ಕೆಯಲ್ಲಿ ಕ್ಯಾಶ್ (ತಾತ್ಕಾಲಿಕ ಕಡತಗಳು) ಅಳಿಸುವುದು ಮತ್ತು ಡೇಟಾಬೇಸ್ ಮತ್ತೆ ಕಟ್ಟುವುದು ಎಂಬ ಎರಡು ಕೆಲಸಗಳಿವೆ, ಎರಡನ್ನೂ ಮಾಡಿಸಬಹುದು. ಆಟಗಳೂ ಸೇವ್‌ಗಳೂ ಅಳಿಯುವುದಿಲ್ಲ. ಆರು ಮತ್ತು ಏಳನೇ ಆಯ್ಕೆಗಳು ಮಾತ್ರ ಎಲ್ಲವನ್ನೂ ಒರೆಸಿಹಾಕುತ್ತವೆ. ಅಲ್ಲಿಗೆ ಕೈ ಹಾಕುವ ಮುನ್ನ ಸೇವ್‌ಗಳ ಪ್ರತಿ ಬೇರೆಡೆ ಇದೆಯೇ ನೋಡಿಕೊಳ್ಳಿ.