ಮೇಕೆ ಗೊರಸು ಸವರಲು ಯಾವುದು ವಾಸಿ? ಚಾಟ್ನಿ ಕತ್ತರಿ, ಗೊರಸು ಕತ್ತರಿ, ಬಾಗುಚೂರಿ, ಗ್ರೈಂಡರ್

ಕಲ್ಲುಗುಡ್ಡದಲ್ಲಿ ಮೇಯುವ ಮೇಕೆಯ ಗೊರಸು ನಡೆದಷ್ಟೂ ಸವೆಯುತ್ತದೆ. ತೊಂದರೆ ಇರುವುದು ನೆಲದಿಂದ ಎತ್ತರಿಸಿದ ಹಲಗೆ ಅಟ್ಟದ ಮೇಲೆ ಕೂಡಿಹಾಕಿ ಸಾಕುವ ಮೇಕೆಗಳಿಗೆ. ಎರಡು ತಿಂಗಳು ಸವರದೆ ಬಿಟ್ಟರೆ ಗೊರಸಿನ ಹೊರಗೋಡೆ ಅಂಗಾಲಿನ ಮೇಲೆ ಮಡಚಿಕೊಂಡು, ಒಳಗೆ ಹಿಕ್ಕೆ ಕೂತು ಕೊಳೆಯುತ್ತದೆ. ಆ ಮಡಿಕೆಯೊಳಗೆ ಅಲಗು ತೂರುತ್ತದೆಯೇ ಎಂಬುದನ್ನೇ ಮೊದಲು ನೋಡಬೇಕು.

ದ್ರಾಕ್ಷಿ, ದಾಳಿಂಬೆಯ ರೆಂಬೆ ಸವರುವ ಚಾಟ್ನಿ ಕತ್ತರಿ ಇಲ್ಲಿಯೇ ಸೋಲುತ್ತದೆ. ಅದರ ಒಂದು ಅಲಗು ಹರಿತ, ಇನ್ನೊಂದು ದಪ್ಪ ಕೊಕ್ಕೆ. ಕೊಕ್ಕೆ ಮಡಿಕೆಗೆ ಹೋಗುವುದಿಲ್ಲ. ಆದರೆ ಮುಂದಕ್ಕೆ ಚಾಚಿದ ಗಟ್ಟಿ ತುದಿಗೆ ಈ ಕೈಸಾಧನಗಳಲ್ಲಿ ಅದರಷ್ಟು ಬಲ ಬೇರೆ ಯಾವುದಕ್ಕೂ ಇಲ್ಲ. ಔಷಧ ಹೊಡೆದ ತೋಟದಿಂದ ತಂದದ್ದಾದರೆ ಸೋಪು ಹಾಕಿ ತೊಳೆಯಿರಿ.

ಗೊರಸು ಕತ್ತರಿಯ ಎರಡೂ ಅಲಗು ತೆಳು, ನೇರ, ತುದಿ ಚೂಪು. ಹಲ್ಲಿರುವುದು ಒದ್ದೆ ಗೊರಸಿನ ಮೇಲೂ ಜಾರುವುದಿಲ್ಲ. ಒಂದನ್ನೇ ಕೊಳ್ಳುವುದಾದರೆ ಇದನ್ನೇ ಕೊಳ್ಳಿ. ಬೇಸಿಗೆಯ ಒಣ ಗೊರಸಿಗೆ ಮಾತ್ರ ಮಣಿಕಟ್ಟು ಸೋಲುತ್ತದೆ. ಒದ್ದೆ ಗೋಣಿಯ ಮೇಲೆ ಕಾಲು ಗಂಟೆ ನಿಲ್ಲಿಸಿದರೆ ಮೆತ್ತಗಾಗುತ್ತದೆ.

ಬಾಗುಚೂರಿ ಅಂಗಾಲು, ಹಿಮ್ಮಡಿ ಮಟ್ಟ ಮಾಡಲು ಬಲು ಚೆಂದ. ಆದರೆ ಅಲಗನ್ನು ನಮ್ಮ ಕಡೆಗೇ ಎಳೆಯಬೇಕು, ಮೇಕೆ ಒದ್ದರೆ ಕೊಯ್ಯುವುದು ನಮ್ಮ ಕೈಯನ್ನೇ. ದಪ್ಪ ಕೈಗವಸು, ಹಿಡಿಯಲು ಇನ್ನೊಬ್ಬರು ಇಲ್ಲದೆ ಬೇಡ. ತಿರುಗುವ ಬಿಲ್ಲೆಯಿಂದ ಉಜ್ಜುವ ಕರೆಂಟಿನ ಗ್ರೈಂಡರ್ ಹೋತದ ಕಲ್ಲುಗೊರಸಿಗೆ ಬೇಗ ಕೆಲಸ ಮುಗಿಸುತ್ತದೆ, ನಿಜ. ಸದ್ದಿಗೆ ಮೇಕೆ ಬೆದರುತ್ತದೆ, ಗೊರಸು ಬಿಸಿಯಾಗುತ್ತದೆ, ದೂಳಿನಲ್ಲಿ ಒಳಗಿನ ನಸುಗೆಂಪು ಬಣ್ಣ ಕಾಣುವ ಮೊದಲೇ ಆಳಕ್ಕೆ ಇಳಿದಿರುತ್ತದೆ. ಹತ್ತಿಪ್ಪತ್ತು ಮೇಕೆ ಇರುವವರಿಗೆ ಅದು ದಂಡದ ಖರ್ಚು.

ಸಾಧನ ಯಾವುದೇ ಇರಲಿ, ಬಣ್ಣ ನೋಡಿಯೇ ಕೈ ಆಡಬೇಕು. ಕಾಲನ್ನು ಪಕ್ಕಕ್ಕೆ ಎಳೆಯದೆ ಹಿಂದಕ್ಕೆ ಮಡಚಿ ಹಿಡಿದು, ಮೊದಲು ಹಿಕ್ಕೆ ಕೆರೆದು ತೆಗೆಯಿರಿ. ಮಡಿಕೆ ಕತ್ತರಿಸಿದ ಮೇಲೆ ಅಂಗಾಲನ್ನು ತೆಳ್ಳನೆ ಸಿಪ್ಪೆಯಂತೆ ಸವರುತ್ತ ಬನ್ನಿ. ಬಿಳಿ ಹೋಗಿ ನಸುಗೆಂಪು ಇಣುಕಿತೋ, ಅಲ್ಲಿಗೆ ನಿಲ್ಲಿಸಿ. ಇನ್ನೊಂದು ಪದರ ತೆಗೆದರೆ ರಕ್ತ. ಗೊರಸಿನ ತಳ, ಮೇಲಿನ ಕೂದಲಂಚಿಗೆ ಸಮಾನಾಂತರವಾಗಿರಬೇಕು. ತುದಿ ಮಾತ್ರ ಕತ್ತರಿಸಿ ಹಿಮ್ಮಡಿ ಬಿಡುವುದೇ ಹೆಚ್ಚಿನವರ ತಪ್ಪು. ರಕ್ತ ಬಂದರೆ ಶುದ್ಧ ಬಟ್ಟೆಯಿಂದ ಕೆಲವು ನಿಮಿಷ ಒತ್ತಿ ಹಿಡಿದು, ಅಯೋಡಿನ್ ಹಚ್ಚಿ, ಒಣ ನೆಲದಲ್ಲಿ ಕಟ್ಟಿ. ಮಳೆಗಾಲದಲ್ಲಿ ಗಾಯಕ್ಕೆ ನೊಣ ಕೂತರೆ ಹುಳು ಬೀಳುತ್ತದೆ.

ಮಳೆಗಾಲದ ಕಾಲುಕೊಳೆಗೆ ಗೊಬ್ಬರದಂಗಡಿಯ ಜಿಂಕ್ ಸಲ್ಫೇಟ್ 10 ಲೀಟರ್ ನೀರಿಗೆ 1 ಕೆಜಿ ಕರಗಿಸಿ, ಅದರಲ್ಲಿ ಹತ್ತು ನಿಮಿಷ ನಿಲ್ಲಿಸಿ. ಅಷ್ಟೇ ನೀರಿಗೆ ಅರ್ಧ ಕೆಜಿ ಮೈಲುತುತ್ತವೂ ಆಗುತ್ತದೆ. ಆದರೆ ಅದು ತಗಡಿನ ತೊಟ್ಟಿಯನ್ನು ತಿನ್ನುತ್ತದೆ, ಕುಡಿದರೆ ವಿಷ, ಕುರಿಗಂತೂ ಇನ್ನೂ ಹೆಚ್ಚು. ಜೊತೆಗೆ ಕುರಿ ಸಾಕುವವರು ಅದರ ತಂಟೆಗೆ ಹೋಗದಿರುವುದೇ ಮೇಲು. ಕುಂಟುವ ಮೇಕೆಯನ್ನು ಕೊನೆಗೆ ಸವರಿ, ಅಲಗನ್ನು ಸ್ಪಿರಿಟ್‌ನಿಂದ ಒರೆಸಿ, ಬಿದ್ದ ಸಿಪ್ಪೆ ಗುಡಿಸಿ ಸುಟ್ಟುಬಿಡಿ.